ಕಥೆಯ ಮಾತು: ಅತಿಥಿಗಳು ಹೊರಟ ಮೇಲೆ

ಊಟಕ್ಕೆ ನಾಲ್ಕು ಜನ ಸೇರಿದ ಮನೆಯಲ್ಲಿ ಒಂದು ದಾಂಪತ್ಯ ಬಿರುಕು ಬಿಡುವುದನ್ನು ಹೇಳುವ ಸಣ್ಣಕಥೆಗಳ ಬಗ್ಗೆ ಪ್ರಶ್ನೆಗಳನ್ನು ಕಳುಹಿಸಬೇಕೆಂದು ಕಳೆದ ಸಂಚಿಕೆಯಲ್ಲಿ ಕೇಳಿಕೊಂಡಿದ್ದೆ. ಬರೆದವರಲ್ಲಿ ಹೆಚ್ಚಿನವರು ಸ್ವತಃ ಇಂಥ ಕಥೆಯೊಂದನ್ನು ಬರೆಯುತ್ತಿರುವವರು. ಒಂದೇ ಬಗೆಯ ಪ್ರಶ್ನೆಗಳನ್ನು ಒಟ್ಟಿಗೆ ಸೇರಿಸಿ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ನನ್ನ ಕಥೆಯಲ್ಲಿ ಗಂಡ ಹೆಂಡತಿ ತಮ್ಮ ಸ್ನೇಹಿತ ದಂಪತಿಯನ್ನು ಊಟಕ್ಕೆ ಕರೆಯುತ್ತಾರೆ. ಊಟದ ನಡುವೆ ಗಂಡನ ಹಳೆಯ ಸಂಬಂಧವೊಂದು ಬಯಲಾಗುತ್ತದೆ. ಹೆಂಡತಿ ತಟ್ಟೆಯನ್ನು ನೆಲಕ್ಕೆ ಎಸೆದು, ಹತ್ತು ವರ್ಷಗಳ ಸಂಕಟವನ್ನೆಲ್ಲ ಅತಿಥಿಗಳ ಎದುರಿಗೇ ಹೇಳಿಬಿಡುತ್ತಾಳೆ. ಓದಿದವರೆಲ್ಲ ‘ನಾಟಕದಂತಿದೆ’ ಎನ್ನುತ್ತಾರೆ. ಬರೆಯುವಾಗ ನಾನು ನಿಜವಾಗಿಯೂ ಅತ್ತಿದ್ದೆ. ತಪ್ಪು ಎಲ್ಲಿದೆ?

ಉತ್ತರ: ನಿಮ್ಮ ಅಳು ನಿಜವೆಂಬುದರಲ್ಲಿ ನನಗೆ ಸಂದೇಹವಿಲ್ಲ, ಆ ಹೆಂಡತಿಯ ಸಂಕಟವೂ ನಿಜವೇ. ತೊಂದರೆ ಇರುವುದು ನೀವು ಅತಿಥಿಗಳಿಗೆ ಕೊಟ್ಟ ಕೆಲಸದಲ್ಲಿ. ನಿಮ್ಮ ಕಥೆಯಲ್ಲಿ ಅವರು ಪ್ರೇಕ್ಷಕರಾಗಿ ಕುಳಿತಿದ್ದಾರೆ, ಹೆಂಡತಿಯ ಮಾತು ಕೇಳಿಸಿಕೊಳ್ಳುವುದಕ್ಕೆ ಯಾರಾದರೂ ಬೇಕಲ್ಲ ಎಂಬ ಕಾರಣಕ್ಕೆ ಅವರನ್ನು ಕರೆದಂತಾಗಿದೆ. ಇಂಥ ಕಥೆಗಳಲ್ಲಿ ಅತಿಥಿ ಇರುವುದು ಮಾತು ಹೊರಬರಲು ಅಲ್ಲ, ಮಾತನ್ನು ತಡೆದು ನಿಲ್ಲಿಸಲು. ಅವರು ಎದ್ದು ಹೋಗುವವರೆಗೆ ಮನೆಯವರು ನಗುತ್ತಿರಲೇಬೇಕು, ಬಡಿಸುತ್ತಿರಲೇಬೇಕು, ಒಬ್ಬರ ಮಾತಿಗೆ ಇನ್ನೊಬ್ಬರು ತಲೆದೂಗುತ್ತಿರಲೇಬೇಕು. ಆ ಒತ್ತಾಯ ಎಷ್ಟು ಹೊತ್ತು ಗಟ್ಟಿಯಾಗಿ ನಿಲ್ಲುತ್ತದೆಯೋ ಅಷ್ಟು ಹೊತ್ತೂ ಓದುಗನ ಉಸಿರು ಬಿಗಿಯಾಗಿರುತ್ತದೆ. ನೀವು ಮೂರನೆಯ ಪುಟದಲ್ಲೇ ಅದನ್ನು ಸಡಿಲಿಸಿಬಿಟ್ಟಿದ್ದೀರಿ.

‘ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ’ ಎಂಬ ಗಾದೆಯನ್ನು ನಾವೆಲ್ಲ ಕೇಳಿ ಬೆಳೆದಿದ್ದೇವೆ. ಊಟವೂ ನಿದ್ದೆಯೂ ಮುನಿಸನ್ನು ಕರಗಿಸುತ್ತವೆ ಎಂಬ ನಂಬಿಕೆ ಅದರಲ್ಲಿದೆ. ನಾವು ಮಾತಾಡುತ್ತಿರುವ ಕಥೆಗಳು ಹುಟ್ಟುವುದು ಆ ಗಾದೆ ಕೈಕೊಡುವ ಜಾಗದಲ್ಲಿ. ಊಟದ ಹೊತ್ತಿನಲ್ಲಿ ಬೇರೆಯವರು ಇರುವುದರಿಂದ ಜಗಳವಾಡುವಂತಿಲ್ಲ, ಉಂಡ ಮೇಲೆ, ಬಾಗಿಲು ಹಾಕಿಕೊಂಡ ಮೇಲೆ, ಮಲಗುವ ಹೊತ್ತಿಗೆ ಜಗಳ ಶುರುವಾಗುತ್ತದೆ.

ರಷ್ಯದ ಕಥೆಗಾರ ಚೆಕಾವ್ 1888ರಲ್ಲಿ ಪ್ರಕಟಿಸಿದ, ಇಂಗ್ಲಿಷ್ ಅನುವಾದದಲ್ಲಿ ‘ದಿ ಪಾರ್ಟಿ’ ಎಂಬ ಹೆಸರಿನಿಂದ ಪರಿಚಿತವಾಗಿರುವ ಕಥೆಯನ್ನು ಈ ಕಣ್ಣಿನಿಂದ ಓದಿ ನೋಡಬೇಕೆಂದು ಕೋರುತ್ತೇನೆ. ಓಲ್ಗಾ ಎಂಬಾಕೆಯ ಗಂಡನಿಗೆ ಯಾವ ಸಂತನ ಹೆಸರಿಟ್ಟಿದ್ದಾರೋ ಆ ಸಂತನ ಹಬ್ಬದ ದಿನದ ಔತಣ ಅಂದು. ಎಂಟು ಬಗೆಗಳನ್ನು ಒಂದಾದ ಮೇಲೊಂದರಂತೆ ಬಡಿಸಿ ಮುಗಿಸಿದ, ಎಡೆಬಿಡದ ಮಾತಿನಿಂದ ದಣಿದ ಓಲ್ಗಾ ತೋಟಕ್ಕೆ ಹೋಗುವಲ್ಲಿಂದ ಕಥೆ ಆರಂಭವಾಗುತ್ತದೆ. ಆಕೆ ಗರ್ಭಿಣಿ, ಅದು ಅತಿಥಿಗಳ ಕಣ್ಣಿಗೆ ಬೀಳದಿರಲೆಂದು ಬಿಗಿಯಾದ ಒಳಕವಚ ತೊಟ್ಟಿದ್ದಾಳೆ. ತೋಟದಲ್ಲಿ ಗಂಡ ಒಬ್ಬ ಎಳೆಯ ಹುಡುಗಿಯ ಜೊತೆ ಸರಸದ ಮಾತಾಡುತ್ತಿರುವುದು ಅವಳ ಕಿವಿಗೆ ಬೀಳುತ್ತದೆ. ಸಾಮಾನ್ಯ ಕಥೆಗಾರನಾಗಿದ್ದರೆ ಅಲ್ಲೇ ಸ್ಫೋಟವಾಗುತ್ತಿತ್ತು. ಚೆಕಾವ್ ಅವಳನ್ನು ಮತ್ತೆ ಅತಿಥಿಗಳ ನಡುವೆ ಕಳುಹಿಸುತ್ತಾನೆ. ಅವಳು ಚಹಾ ಕೊಡಬೇಕು, ದೋಣಿವಿಹಾರಕ್ಕೆ ಹೋಗಬೇಕು, ಯಾರೂ ಬೇಗ ಹೊರಡದಂತೆ ಉಪಚರಿಸಬೇಕು, ಆದರೆ ಅವಳ ಮನಸ್ಸಿನಲ್ಲಿ ಇರುವುದು ಅವರೆಲ್ಲ ಯಾವಾಗ ತೊಲಗುತ್ತಾರೋ ಎಂಬ ಒಂದೇ ಹಂಬಲ. ಕೊನೆಯ ಅತಿಥಿ ಹೋದ ಮೇಲೆ, ನಡುರಾತ್ರಿಯಲ್ಲಿ, ಗಂಡನಿಗೆ ಅತ್ಯಂತ ನೋವಾಗುವ ಮಾತು ಅವಳ ಬಾಯಿಂದ ಬಂದುಬಿಡುತ್ತದೆ: ಅವನು ಮದುವೆಯಾದದ್ದು ಹಣಕ್ಕಾಗಿ ಎಂದು. ಅದರ ಬೆನ್ನಿಗೇ ಹೆರಿಗೆಯ ನೋವು, ಮಗುವಿನ ಸಾವು. ಇಲ್ಲಿ ಗಮನಿಸಬೇಕಾದದ್ದು ಹಣದ ಆ ಮಾತು ಹುಟ್ಟಿದ ಬಗೆಯನ್ನು. ಹುಡುಗಿಯ ವಿಷಯದಲ್ಲಿ ನೊಂದವಳು ಬೇರೆಯದೇ ಆರೋಪ ಹೊರಿಸುತ್ತಾಳೆ. ದಿನವಿಡೀ ಅದುಮಿಟ್ಟ ಮಾತು ಹೊರಬರುವಾಗ ಅದೇ ಮಾತಾಗಿ ಉಳಿದಿರುವುದಿಲ್ಲ. ನಿಮ್ಮ ನಾಯಕಿಯಾದರೋ ತನ್ನ ನೋವನ್ನು ಹತ್ತು ವರ್ಷಗಳ ಕ್ರಮದಲ್ಲಿ, ಒಂದನ್ನೂ ಬಿಡದೆ, ನ್ಯಾಯಾಲಯದಲ್ಲಿ ಹೇಳಿಕೆ ಕೊಡುವಂತೆ ಹೇಳುತ್ತಾಳೆ. ನಾಟಕದಂತಿದೆ ಎಂದವರಿಗೆ ಅಸಹಜವೆನಿಸಿದ್ದು ಬಹುಶಃ ತಟ್ಟೆ ಎಸೆದದ್ದಕ್ಕಿಂತ ಹೆಚ್ಚಾಗಿ ಈ ಕ್ರಮಬದ್ಧತೆ.

ತಿದ್ದುವುದಾದರೆ ಹೀಗೆ ಪ್ರಯತ್ನಿಸಿ. ಹಳೆಯ ಸಂಬಂಧ ಬಯಲಾಗುವ ಪ್ರಸಂಗವನ್ನೇ ತೆಗೆದುಹಾಕಿ. ಅದರ ಬದಲು, ತಾವಿಬ್ಬರೂ ಮೊದಲು ಭೇಟಿಯಾದ ಪ್ರಸಂಗವನ್ನು ಗಂಡ ಅತಿಥಿಗಳಿಗೆ ಹೇಳಲಿ. ಹೆಂಡತಿ ಅದನ್ನು ಎಷ್ಟೋ ಸಲ ಕೇಳಿದ್ದಾಳೆ, ಎಲ್ಲಿ ನಗಬೇಕೆಂಬುದೂ ಅವಳಿಗೆ ಗೊತ್ತು. ಈ ಸಲ ಅವನು ಒಂದು ವಿವರವನ್ನು ಬದಲಿಸುತ್ತಾನೆ: ಅಂದು ಮಳೆಯಲ್ಲಿ ಕಾದು ನಿಂತವಳು ಅವಳು, ಅವನು ಮಾತ್ರ ತಾನೇ ಕಾದಿದ್ದೆ ಎನ್ನುತ್ತಾನೆ. ಅತಿಥಿಗಳು ನಗುತ್ತಾರೆ. ಅವಳೂ ನಗುತ್ತಾಳೆ, ಎಂದಿಗಿಂತ ಒಂದು ಕ್ಷಣ ತಡವಾಗಿ. ಆಮೇಲೆ ಅವನ ತಟ್ಟೆಗೆ ಅವಳು ಕೇಳದೆಯೇ ಇನ್ನಷ್ಟು ಬಡಿಸಲಿ. ಹತ್ತು ವರ್ಷ ಆ ತಡವಾದ ನಗುವಿನಲ್ಲಿ ಇರುತ್ತದೆ, ಓದುಗ ಅದನ್ನು ತಾನಾಗಿಯೇ ಕಂಡುಕೊಳ್ಳುತ್ತಾನೆ.

ಪ್ರಶ್ನೆ: ಇಂಥ ಕಥೆಗಳಲ್ಲಿ ಊಟವೇ ಏಕೆ? ಪ್ರಯಾಣವೋ ಆಸ್ಪತ್ರೆಯೋ ಆಗಬಾರದೇ?

ಉತ್ತರ: ಖಂಡಿತ ಆಗಬಹುದು, ಬರೆದವರೂ ಇದ್ದಾರೆ. ಆದರೆ ಊಟದಲ್ಲಿ ಕಥೆಗಾರನಿಗೆ ಬೇಕಾದದ್ದೆಲ್ಲ ಒಂದೇ ಕಡೆ ದೊರೆಯುತ್ತದೆ. ಅದಕ್ಕೊಂದು ಆರಂಭವಿದೆ, ಕೊನೆಯಿದೆ, ನಡುವೆ ಎದ್ದು ಹೋಗುವುದು ಅವಮಾನವಾಗುತ್ತದೆ. ಎಲ್ಲರ ಮುಖವೂ ಎಲ್ಲರಿಗೂ ಕಾಣುತ್ತದೆ, ಕೈಗಳಿಗೆ ಸದಾ ಕೆಲಸವಿರುತ್ತದೆ. ಅಡುಗೆಮನೆ ಎಂಬ ಎರಡನೆಯ ರಂಗವೊಂದು ಪಕ್ಕದಲ್ಲೇ ಇರುತ್ತದೆ, ಅಲ್ಲಿ ಒಂದು ನಿಮಿಷ ಇಬ್ಬರೇ ಸಿಕ್ಕರೆ ತಗ್ಗಿದ ದನಿಯಲ್ಲಿ ಎರಡು ವಾಕ್ಯ ಆಡಬಹುದು. ಆ ಎರಡು ವಾಕ್ಯಗಳನ್ನು ಚೆನ್ನಾಗಿ ಬರೆಯಬಲ್ಲವರು ಅರ್ಧ ಕಥೆಯನ್ನು ಗೆದ್ದಂತೆಯೇ ಎಂದು ನಾನು ಭಾವಿಸುತ್ತೇನೆ.

ಪ್ರಶ್ನೆ: ಅಮೆರಿಕದ ಕಥೆಗಾರ ರೇಮಂಡ್ ಕಾರ್ವರ್ ಅವರ ಹೆಸರಾಂತ ಕಥೆಯೊಂದನ್ನು ಓದಿದೆ. ಎರಡು ಜೋಡಿಗಳು ಅಡುಗೆಮನೆಯ ಮೇಜಿನ ಸುತ್ತ ಕುಡಿಯುತ್ತ ಪ್ರೀತಿಯ ಬಗ್ಗೆ ಮಾತಾಡುತ್ತಾರೆ, ಕೊನೆಗೆ ಕತ್ತಲಾಗುತ್ತದೆ. ಏನೂ ನಡೆಯದ ಇದನ್ನು ಕಥೆ ಎನ್ನುವುದು ಹೇಗೆ?

ಉತ್ತರ: 1981ರ ಸಂಕಲನದ ಶೀರ್ಷಿಕೆ ಕಥೆಯಾದ ‘ವಾಟ್ ವಿ ಟಾಕ್ ಅಬೌಟ್ ವೆನ್ ವಿ ಟಾಕ್ ಅಬೌಟ್ ಲವ್’ ಬಗ್ಗೆ ನೀವು ಕೇಳುತ್ತಿದ್ದೀರಿ. ಏನೂ ನಡೆಯುವುದಿಲ್ಲ ಎಂಬ ನಿಮ್ಮ ಮಾತನ್ನು ನಾನು ಒಪ್ಪಲಾರೆ. ಹೃದ್ರೋಗ ತಜ್ಞನಾದ ಮೆಲ್‌ಗೂ ಅವನ ಹೆಂಡತಿ ಟೆರ್ರಿಗೂ ಆರಂಭದಿಂದಲೇ ಒಂದು ಎಳೆದಾಟವಿದೆ. ತನ್ನನ್ನು ಹೊಡೆಯುತ್ತಿದ್ದ ಹಿಂದಿನ ಗಂಡಸು ತನ್ನನ್ನು ಪ್ರೀತಿಸುತ್ತಿದ್ದ ಎಂದು ಅವಳು ಹಟ ಹಿಡಿಯುತ್ತಾಳೆ, ಅದು ಪ್ರೀತಿಯಲ್ಲ ಎಂದು ಅವನು ಹಟ ಹಿಡಿಯುತ್ತಾನೆ. ಹೊರನೋಟಕ್ಕೆ ಅದು ಪ್ರೀತಿಯ ವ್ಯಾಖ್ಯಾನದ ಚರ್ಚೆ. ಒಳಗೆ ಅವಳು ಕೇಳುತ್ತಿರುವುದು ನನಗೆ ಸಿಕ್ಕ ಪ್ರೀತಿಯನ್ನು ನೀನು ಅಲ್ಲಗಳೆಯುವುದೇಕೆ ಎಂದು, ಅವನು ಕೇಳುತ್ತಿರುವುದು ನನ್ನ ಎದುರಿಗೆ ಅವನನ್ನು ಏಕೆ ನೆನೆಯುತ್ತೀ ಎಂದು. ಕಾರು ಅಪಘಾತದಲ್ಲಿ ಗಾಯಗೊಂಡ ವೃದ್ಧ ದಂಪತಿಯ ಪ್ರಸಂಗವನ್ನು ಮೆಲ್ ಹೇಳುತ್ತಾನಲ್ಲ, ಮೈತುಂಬ ಪಟ್ಟಿಗಳಲ್ಲಿ ಸಿಕ್ಕಿಕೊಂಡ ಮುದುಕ ಕೊರಗುತ್ತಿದ್ದದ್ದು ನೋವಿಗಲ್ಲ, ತಲೆ ತಿರುಗಿಸಿ ಹೆಂಡತಿಯ ಮುಖ ನೋಡಲಾಗದ್ದಕ್ಕೆ. ಆ ಪ್ರಸಂಗ ಮುಗಿದಾಗ ಮೇಜಿನ ಸುತ್ತ ಕುಳಿತ ನಾಲ್ವರೂ, ಯಾವ ಪಟ್ಟಿಯೂ ಇಲ್ಲದೆ, ತಮ್ಮ ಜೊತೆಗಾರರ ಮುಖವನ್ನು ತಾವು ಎಷ್ಟು ನೋಡಿದ್ದೇವೆ ಎಂಬ ಪ್ರಶ್ನೆಯ ಮುಂದೆ ಕುಳಿತಿರುತ್ತಾರೆ. ಅವರೆಲ್ಲ ಹೊರಗೆ ಊಟಕ್ಕೆ ಹೋಗಬೇಕಿತ್ತು, ಹೋಗುವುದಿಲ್ಲ. ತಿನ್ನಲು ಏನಾದರೂ ತರುತ್ತೇನೆ ಎಂದ ಟೆರ್ರಿ ಏಳುವುದೂ ಇಲ್ಲ. ಔತಣದ ಕಥೆಯಲ್ಲಿ ಊಟವೇ ಆಗದಿರುವುದು ಚಿಕ್ಕ ಘಟನೆಯಲ್ಲ.

ನಿಮ್ಮಂತೆ ಕಥೆ ಬರೆಯುವವರಿಗೆ ಇನ್ನೊಂದು ವಿಷಯ ಉಪಯೋಗಕ್ಕೆ ಬರಬಹುದು. ಆ ಸಂಕಲನದ ಹಸ್ತಪ್ರತಿಯಲ್ಲಿ ಸುಮಾರು ಅರ್ಧದಷ್ಟನ್ನು ಸಂಪಾದಕ ಗಾರ್ಡನ್ ಲಿಶ್ ಕತ್ತರಿಸಿದ್ದರು. ಕತ್ತರಿಸದ ಮೂಲ ರೂಪ ‘ಬಿಗಿನರ್ಸ್’ ಎಂಬ ಹೆಸರಿನಲ್ಲಿ 2009ರಲ್ಲಿ ಪುಸ್ತಕವಾಗಿ ಬಂದಿತು. ಮೂಲದಲ್ಲಿ ವೈದ್ಯ ಮೇಜಿನಿಂದ ಎದ್ದು ಹೋದ ಮೇಲೆ ಅವನ ಹೆಂಡತಿ ತನ್ನ ಅಳಲನ್ನು ಹೇಳಿಕೊಂಡು ಅಳುತ್ತಾಳೆ. ಕತ್ತರಿಸಿದ ರೂಪದಲ್ಲಿ ಅಳುವೂ ಇಲ್ಲ, ಸಮಾಧಾನವೂ ಇಲ್ಲ, ಕತ್ತಲೆಯಲ್ಲಿ ಅಲುಗಾಡದೆ ಕುಳಿತವರ ಎದೆಬಡಿತ ಮಾತ್ರ ಇದೆ. ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ಓದಿ. ಚಿಕ್ಕ ರೂಪವೇ ಮೇಲೆಂದು ಬಹಳ ವರ್ಷ ನಂಬಿದ್ದೆ. ಈಗ ಓದಿದಾಗಲೆಲ್ಲ ಮೂಲದ ಹೆಂಡತಿಯ ಅಳುವಿನ ಕಡೆಗೆ ಮನಸ್ಸು ವಾಲುತ್ತದೆ, ಏಕೆಂದರೆ ಅಲ್ಲಿ ಇನ್ನೊಬ್ಬ ಹೆಣ್ಣು ಅವಳನ್ನು ಹಿಡಿದುಕೊಳ್ಳುತ್ತಾಳೆ, ಅತಿಥಿ ಎಂಬವಳು ಮೊದಲ ಬಾರಿಗೆ ಮನುಷ್ಯಳಾಗುತ್ತಾಳೆ.

ಪ್ರಶ್ನೆ: ಕಥೆಯನ್ನು ಯಾರ ಕಣ್ಣಿನಿಂದ ಹೇಳುವುದು ಒಳ್ಳೆಯದು, ಕರೆದವರ ಕಣ್ಣಿನಿಂದಲೋ ಬಂದವರ ಕಣ್ಣಿನಿಂದಲೋ?

ಉತ್ತರ: ಅತಿ ಹೆಚ್ಚು ಕಳೆದುಕೊಳ್ಳಲಿರುವವರ ಕಣ್ಣಿನಿಂದ. ಅವರು ಯಾರೆಂಬುದು ಹಲವು ಸಲ ನಾವು ಎಣಿಸಿದಂತಿರುವುದಿಲ್ಲ. ಕಾರ್ವರ್ ಅವರದೇ ‘ಫೆದರ್ಸ್’ ಎಂಬ ಕಥೆಯಲ್ಲಿ ಜ್ಯಾಕ್ ಮತ್ತು ಫ್ರಾನ್ ಎಂಬ ದಂಪತಿ ಗೆಳೆಯನ ಮನೆಗೆ ಊಟಕ್ಕೆ ಹೋಗುತ್ತಾರೆ. ಅಲ್ಲಿ ಒಂದು ನವಿಲಿದೆ, ಟೀವಿಯ ಮೇಲೆ ಹಲ್ಲುಗಳ ಅಚ್ಚೊಂದಿದೆ, ನೋಡಲು ಕುರೂಪಿಯಾದ ಒಂದು ಮಗುವಿದೆ. ಮುಜುಗರವೆಲ್ಲ ಕರೆದವರ ಮನೆಯಲ್ಲೇ ಇರುವಂತೆ ತೋರುತ್ತದೆ. ಆದರೆ ಆ ಮನೆಯವರು ಸುಖಿಗಳು. ಆ ಸುಖವನ್ನು ಕಂಡು ಬಂದ ರಾತ್ರಿಯೇ ಅತಿಥಿ ದಂಪತಿ ತಮಗೂ ಮಗು ಬೇಕೆಂದುಕೊಳ್ಳುತ್ತಾರೆ, ಅಲ್ಲಿಂದ ಮುಂದೆ ಅವರ ಬದುಕು ಕಳೆಗುಂದುತ್ತ ಹೋಗುತ್ತದೆ. ವರ್ಷಗಳ ಮೇಲೆ ಹಿಂದಿರುಗಿ ನೋಡುತ್ತಿರುವ ಜ್ಯಾಕ್ ಕಥೆ ಹೇಳುವುದರಿಂದಲೇ ಅದು ಅಷ್ಟು ಆಳಕ್ಕೆ ಇಳಿಯುತ್ತದೆ.

ನ್ಯೂಜಿಲೆಂಡ್ ಮೂಲದ ಕಥೆಗಾರ್ತಿ ಕ್ಯಾಥರೀನ್ ಮ್ಯಾನ್ಸ್‌ಫೀಲ್ಡ್ 1918ರಲ್ಲಿ ಪ್ರಕಟಿಸಿದ ‘ಬ್ಲಿಸ್’ ಇನ್ನೊಂದು ದಾರಿಯನ್ನು ತೋರಿಸುತ್ತದೆ. ಮೂವತ್ತು ವರ್ಷದ ಬರ್ತಾ ಆತಿಥೇಯಳು, ಅಂದು ಕಾರಣವಿಲ್ಲದ ಸಂತೋಷದಿಂದ ತುಂಬಿಹೋಗಿದ್ದಾಳೆ, ನಾವು ಕೊನೆಯವರೆಗೂ ಆ ಸಂತೋಷದ ಒಳಗೇ ಇರುತ್ತೇವೆ. ಅತಿಥಿಗಳು ಹೊರಡುವ ಹೊತ್ತು. ಒಬ್ಬ ಅತಿಥಿ ತನಗಿಷ್ಟವಾದ ಕವಿತೆಯೊಂದನ್ನು ಅವಳಿಗೆ ತೋರಿಸಲೆಂದು ಪುಸ್ತಕದ ಪುಟ ತಿರುವುತ್ತಿರುತ್ತಾನೆ. ಅಷ್ಟರಲ್ಲಿ ಅವಳು ಹೊರ ಕೋಣೆಯ ಕಡೆಗೆ ತಲೆ ತಿರುಗಿಸುತ್ತಾಳೆ, ಅಲ್ಲಿ ತನ್ನ ಗಂಡನೂ ತಾನು ಮೆಚ್ಚಿ ಕರೆದ ಗೆಳತಿಯೂ ಹೇಗಿದ್ದಾರೆಂಬುದನ್ನು ಕಾಣುತ್ತಾಳೆ. ಮರುಕ್ಷಣ ಕವಿತೆ ಸಿಕ್ಕಿತೆಂದು ಅತಿಥಿ ಹೇಳುತ್ತಾನೆ. ಒಂದು ಬದುಕು ಬಿದ್ದುಹೋಗುವುದಕ್ಕೆ ಪುಟ ತಿರುವುವಷ್ಟು ಹೊತ್ತು ಸಾಕಾಗಿದೆ. ಬರ್ತಾಳ ಕಣ್ಣಿನಿಂದಲ್ಲದೆ ಬೇರೆ ಯಾರ ಕಣ್ಣಿನಿಂದ ಹೇಳಿದ್ದರೂ ಅದು ಸಾಮಾನ್ಯ ವಂಚನೆಯ ವೃತ್ತಾಂತವಾಗುತ್ತಿತ್ತು.

ಪ್ರಶ್ನೆ: ಔತಣಕ್ಕೆ ಎಷ್ಟು ಪುಟ ಕೊಡಬೇಕು, ದಾಂಪತ್ಯಕ್ಕೆ ಎಷ್ಟು?

ಉತ್ತರ: ಹೀಗೆ ಪಾಲು ಮಾಡಲು ಸಾಧ್ಯವಿಲ್ಲ. ಐರಿಷ್ ಲೇಖಕ ಜೇಮ್ಸ್ ಜಾಯ್ಸ್ 1914ರಲ್ಲಿ ಹೊರತಂದ ಸಂಕಲನದ ಕೊನೆಯ ಕಥೆಯಾದ ‘ದಿ ಡೆಡ್’ನಲ್ಲಿ ಬಹುಭಾಗವನ್ನು ಕುಣಿತ, ಊಟ, ಗೇಬ್ರಿಯಲ್‌ನ ಭಾಷಣಗಳೇ ತುಂಬಿಕೊಂಡಿವೆ. ಹೆಂಡತಿ ಗ್ರೆಟ್ಟಾ ಒಂದು ಹಳೆಯ ಹಾಡು ಕೇಳುತ್ತ ಮೆಟ್ಟಿಲ ಮೇಲೆ ನಿಂತಾಗ ಮಾತ್ರ ದಾಂಪತ್ಯದ ಕಥೆ ತೆರೆದುಕೊಳ್ಳುತ್ತದೆ. ಆದರೂ ಆ ಉದ್ದನೆಯ ಔತಣವಿಲ್ಲದಿದ್ದರೆ, ಎಲ್ಲರ ಮೆಚ್ಚುಗೆ ಪಡೆದು ಉಬ್ಬಿದ ಗಂಡ ಹೋಟೆಲಿನ ಕೋಣೆಯಲ್ಲಿ ತನಗಿಂತ ಮೊದಲು ಅವಳನ್ನು ಪ್ರೀತಿಸಿ ಸತ್ತ ಹುಡುಗನ ಮುಂದೆ ಕುಗ್ಗಿಹೋಗುವುದು ನಮ್ಮನ್ನು ತಟ್ಟುತ್ತಿರಲಿಲ್ಲ.

ಪ್ರಶ್ನೆ: ನನ್ನ ಕಥೆಯ ಜೋಡಿ ನಮ್ಮ ಆಪ್ತ ಸ್ನೇಹಿತರೇ. ಅವರ ಮನೆಯಲ್ಲಿ ನಡೆದ ಒಂದು ರಾತ್ರಿಯ ಊಟವನ್ನು ನಡೆದಂತೆಯೇ ಬರೆದಿದ್ದೇನೆ. ಹೆಸರು ಬದಲಿಸಿದರೆ ಸಾಕೇ?

ಉತ್ತರ: ಸಾಲದು. ಅವರು ತಮ್ಮನ್ನು ಗುರುತಿಸುವುದು ಹೆಸರಿನಿಂದಲ್ಲ, ತಾವಾಡಿದ ಮಾತಿನಿಂದ. ನಿಮ್ಮನ್ನು ನಂಬಿ ಮನೆಗೆ ಕರೆದವರ ಆ ರಾತ್ರಿಯ ಮಾತುಗಳನ್ನು ಅಚ್ಚಿಗೆ ಕೊಡುವುದು ಸರಿಯಲ್ಲವೆಂದು ನಾನು ಸ್ಪಷ್ಟವಾಗಿ ಹೇಳಬಯಸುತ್ತೇನೆ. ಕಥೆಯ ದೃಷ್ಟಿಯಿಂದಲೂ ಅದು ನಷ್ಟವೇ, ಏಕೆಂದರೆ ನಡೆದದ್ದನ್ನು ನಡೆದಂತೆ ಬರೆಯುವಾಗ ನಾವು ಆ ರಾತ್ರಿ ಕುಳಿತಿದ್ದ ಕುರ್ಚಿಯಿಂದ ಏಳುವುದೇ ಇಲ್ಲ, ಅಡುಗೆಮನೆಯ ಒಳಗೆ ಅವರಿಬ್ಬರು ಏನು ಹೇಳಿಕೊಂಡರೆಂಬುದು ನಮಗೆ ಕೇಳಿಸುವುದೂ ಇಲ್ಲ. ಅಂದು ನಿಮ್ಮನ್ನು ಚುಚ್ಚಿದ ಒಂದು ಕ್ಷಣವನ್ನು ಮಾತ್ರ ಇಟ್ಟುಕೊಳ್ಳಿ. ಅದನ್ನು ಬೇರೆ ವಯಸ್ಸಿನ, ಬೇರೆ ಉದ್ಯೋಗದ ದಂಪತಿಗೆ ಕೊಡಿ, ಸಾಧ್ಯವಾದರೆ ಗಂಡನ ಮಾತನ್ನು ಹೆಂಡತಿಯ ಬಾಯಿಗೆ ವರ್ಗಾಯಿಸಿ. ನಿಮ್ಮದೇ ದಾಂಪತ್ಯದಿಂದಲೂ ಒಂದು ಕ್ಷಣವನ್ನು ಅದರೊಳಗೆ ಸೇರಿಸಬೇಕೆಂದು ನನ್ನ ಸಲಹೆ. ಬರೆಯುವ ಕೈ ಅಲ್ಲಿ ಹಿಂಜರಿದರೆ, ಆ ಸ್ನೇಹಿತರ ಬಗ್ಗೆ ಎಷ್ಟು ಸುಲಭವಾಗಿ ಬರೆದಿದ್ದಿರಿ ಎಂಬುದು ನಿಮಗೇ ತಿಳಿಯುತ್ತದೆ.

ಪ್ರಶ್ನೆ: ಕೊನೆಯಲ್ಲಿ ಅವರು ಬೇರೆಯಾಗಬೇಕೋ ಒಂದಾಗಬೇಕೋ?

ಉತ್ತರ: ಎರಡನ್ನೂ ಅಂದೇ ರಾತ್ರಿ ತೀರ್ಮಾನಿಸಬೇಡಿ. ಅತಿಥಿಗಳು ಹೋದ ಮೇಲೆ ಪಾತ್ರೆಗಳು ಉಳಿದಿರುತ್ತವೆ. ಅವುಗಳನ್ನು ಯಾರು ತೊಳೆಯುತ್ತಾರೆ, ಇನ್ನೊಬ್ಬರು ಒರೆಸಲು ಬಟ್ಟೆ ಹಿಡಿದು ಪಕ್ಕದಲ್ಲಿ ಬಂದು ನಿಲ್ಲುತ್ತಾರೋ ಇಲ್ಲವೋ ಎಂಬುದನ್ನು ಬರೆಯಿರಿ.