ಅಕ್ಕೋರನ್ನು ಕೇಳಿ: ಚೀನಾದ ಬೀದಿಯಲ್ಲಿ ರೊಟ್ಟಿ ಮುರಿದದ್ದು

ಹೋದ ಸಂಚಿಕೆಯಲ್ಲಿ ಚೀನಾದ ಶಿಯಾನ್ ಊರಿನ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಅದಕ್ಕೆ ಬಂದ ಪತ್ರಗಳಲ್ಲಿ ಅಲ್ಲಿನ ಹೆಸರಾಂತ ಸಮಾಧಿಯ ಮಣ್ಣಿನ ಸೈನಿಕರ ಬಗ್ಗೆ ಕೇಳಿದವರು ಒಬ್ಬರೂ ಇಲ್ಲ. ಎಲ್ಲರಿಗೂ ಬೇಕಾಗಿದ್ದು ತಿನ್ನುವ ಸುದ್ದಿ. ನಮ್ಮ ಕಡೆಯ ಜನ ನನಗೆ ಇಷ್ಟವಾಗುವುದು ಇದಕ್ಕೇ.

ಅಕ್ಕೋರೆ, ನಾವು ಐದು ಮಂದಿ ಗೆಳೆಯರು ಚೀನಾಕ್ಕೆ ಹೊರಟಿದ್ದೇವೆ. ಶಿಯಾನ್‌ನಲ್ಲಿ ಗೈಡ್ ಜೊತೆ ನಡೆದಾಡುತ್ತಾ ಬೀದಿ ತಿಂಡಿ ತಿನ್ನುವ ಟೂರ್ ಇದೆಯಂತೆ. ಅದಕ್ಕೆ ಬೇರೆ ದುಡ್ಡು. ಮೊಬೈಲ್ ಇದ್ದರೆ ನಾವೇ ತಿರುಗಬಹುದಲ್ವಾ?
— ಒಬ್ಬ ಓದುಗರು, ಸಪ್ತಾಪುರ, ಧಾರವಾಡ

ದುಡ್ಡು ಕೊಡಿ. ಬೇಕಾದರೆ ಶಾಪಿಂಗ್‌ನಲ್ಲಿ ಉಳಿಸಿ.

ನಾನೂ ನಿಮ್ಮ ಹಾಗೇ ಅಂದುಕೊಂಡಿದ್ದೆ. 2019ರ ಮೇ ತಿಂಗಳು. ಮಗಳು, ಅಳಿಯ, ನಾನು. ಊರ ನಡುವೆ 1380ರಲ್ಲಿ ಕಟ್ಟಿದ ನಗಾರಿ ಗೋಪುರ ಇದೆ. ಅಲ್ಲಿಂದ ಉತ್ತರಕ್ಕೆ ಹೋಗುವ ಬೇಯುವಾನ್‌ಮೆನ್ ಬೀದಿಗೆ ಮೊದಲ ದಿನ ನಾವೇ ಹೋದೆವು. ಕಣ್ಣು ಕುಕ್ಕುವ ದೀಪ, ಕಾಲಿಡಲು ಜಾಗವಿಲ್ಲ, ಹತ್ತು ಅಂಗಡಿಯಲ್ಲಿ ಒಂದೇ ತಿಂಡಿ. ಹುಬ್ಬಳ್ಳಿಯ ದುರ್ಗದ ಬೈಲಿಗೆ ಬಂದ ಪರಊರಿನವರು ಮೊದಲು ಕಂಡ ಗಾಡಿ ಮುಂದೆ ನಿಂತುಬಿಡುತ್ತಾರಲ್ಲ, ಹಾಗೆ ನಿಂತೆವು. ಏನು ತಿಂದೆವು ಅನ್ನುವುದೇ ಈಗ ನೆನಪಿಲ್ಲ. ಅಷ್ಟು ಸಪ್ಪೆ.

ಮರುದಿನ ಸಂಜೆ ಗೈಡ್ ಬಂದಳು. ಅದೇ ಕೇರಿಯಲ್ಲಿ ಹುಟ್ಟಿ ಬೆಳೆದ ಹುಡುಗಿ. ಅವಳು ಮಾಡಿದ ಮೊದಲ ಕೆಲಸ ಆ ದೊಡ್ಡ ಬೀದಿಗೆ ಬೆನ್ನು ಹಾಕಿದ್ದು. ಸೀದಾ ಸಾಜಿನ್‌ಚಿಯಾವ್ ಕಡೆಗೆ ಕರೆದುಕೊಂಡು ಹೋದಳು. ಅಲ್ಲಿ ಪ್ರವಾಸಿಗಳು ಕಡಿಮೆ, ತರಕಾರಿ ಚೀಲ ಹಿಡಿದ ಹೆಂಗಸರು ಜಾಸ್ತಿ. ಇದು ಹುಯಿ ಮುಸ್ಲಿಮರ ಕೇರಿ. ರೇಷ್ಮೆ ದಾರಿಯಲ್ಲಿ ಬಂದ ಅರಬ್, ಪರ್ಷಿಯಾದ ವ್ಯಾಪಾರಿಗಳು ಇಲ್ಲಿಯವರ ಜೊತೆ ಬೆರೆತು ಬೆಳೆದ ಜನ. ಇಲ್ಲಿನ ದೊಡ್ಡ ಮಸೀದಿ ಶುರುವಾದದ್ದು ಕ್ರಿ.ಶ. 742ರಲ್ಲಿ ಅನ್ನುತ್ತಾರೆ. ಮಾಡು ನೋಡಿದರೆ ಚೀನೀ ಗುಡಿಯೇ ಅನ್ನಬೇಕು. ಈ ಕೇರಿಯಲ್ಲಿ ಹಂದಿಮಾಂಸ ಇಲ್ಲ. ಕುರಿ, ದನ.

ಒಂದು ಸಣ್ಣ ಹೋಟೆಲಿನಲ್ಲಿ ಕೂರಿಸಿ, ಒಬ್ಬೊಬ್ಬರ ಮುಂದೆ ಖಾಲಿ ಬೋಗುಣಿ, ಎರಡೆರಡು ಗಟ್ಟಿ ರೊಟ್ಟಿ ಇಡಿಸಿದಳು. ಅಂಗೈಯಗಲ, ದಪ್ಪ, ಬಿಳಿಚಿಕೊಂಡ ರೊಟ್ಟಿ. ಸಾರು ಎಲ್ಲಿ ಅಂತ ಅಳಿಯ ಅತ್ತಿತ್ತ ನೋಡಿದ. ಮೊದಲು ನೀವೇ ರೊಟ್ಟಿ ಮುರಿಯಿರಿ ಅಂದಳು. ಇದರ ಹೆಸರು ಯಾಂಗ್‌ರೋ ಪಾವ್‌ಮೋ. ತಿನ್ನುವವರೇ ರೊಟ್ಟಿಯನ್ನು ಚೂರು ಚೂರು ಮಾಡಿ, ಬೋಗುಣಿಯನ್ನು ಅಡುಗೆಮನೆಗೆ ಕಳಿಸಬೇಕು. ಅಡುಗೆಯವರು ಅದನ್ನು ಕುರಿ ಸಾರಿನಲ್ಲಿ ಕುದಿಸಿ, ಮಾಂಸ ಹಾಕಿ, ವಾಪಸ್ ತರುತ್ತಾರೆ. ಚೂರು ದೊಡ್ಡದಿದ್ದರೆ ಸಾರು ಒಳಗಿಳಿಯುವುದಿಲ್ಲ. ಸೋಯಾ ಕಾಳಿನಷ್ಟು ಇರಬೇಕಂತೆ.

ಅಳಿಯ ಐದು ನಿಮಿಷದಲ್ಲಿ ಮುಗಿಸಿದ. ಗೈಡ್ ಅವನ ಬೋಗುಣಿ ನೋಡಿ ನಕ್ಕಳು. ಪಕ್ಕದ ಮೇಜಿನ ಅಜ್ಜ ಎದ್ದು ಬಂದು, ಒಂದು ಚೂರು ತೆಗೆದು, ಅದನ್ನೇ ನಾಲ್ಕು ಮಾಡಿ ತೋರಿಸಿ ಹೋದರು. ನಾನು ಮಾಂಸ ತಿನ್ನುವವಳಲ್ಲ. ಆದರೂ ಮುರಿದೆ. ಮುಟಗಿ ಮಾಡುವ ಮನೆಯಲ್ಲಿ ಬೆಳೆದವಳಿಗೆ ರೊಟ್ಟಿ ಮುರಿಯುವುದು ಕಲಿಸಬೇಕಾ? ಉಗುರಿನಿಂದ ಚಿವುಟಿ ಚಿವುಟಿ ಅರ್ಧ ಗಂಟೆ. ಹೆಬ್ಬೆರಳು ನೋಯಿತು. ನನ್ನ ಬೋಗುಣಿ ನೋಡಿ ಆ ಅಜ್ಜ ಹೆಬ್ಬೆರಳೆತ್ತಿ ತೋರಿಸಿದರು. ಸಾರು ಅಳಿಯನ ಪಾಲಿಗೆ ಹೋಯಿತು. ನನಗೆ ಅದರ ಜೊತೆ ಕೊಡುವ ಸಕ್ಕರೆ ಬೆಳ್ಳುಳ್ಳಿ ಸಿಕ್ಕಿತು. ಸಿಹಿ ಹುಳಿಯಲ್ಲಿ ಇಡೀ ಗಡ್ಡೆಯನ್ನೇ ನೆನೆಸಿಟ್ಟಿರುತ್ತಾರೆ. ಖಾರವೆಲ್ಲ ಇಳಿದು ಗರಿಗರಿಯಾಗಿ ಇರುತ್ತದೆ. ಮೂರು ಎಸಳು ತಿಂದೆ.

ಮೊಬೈಲು ನಿಮ್ಮನ್ನು ಹೋಟೆಲಿನ ಬಾಗಿಲವರೆಗೆ ಮುಟ್ಟಿಸುತ್ತದೆ, ಅಷ್ಟೇ. ಅದೂ ಅಲ್ಲಿ ಗೂಗಲ್, ವಾಟ್ಸಾಪ್ ಸುಮ್ನೆ ತೆರೆದುಕೊಳ್ಳುವುದಿಲ್ಲ. ನಗದು ಹಿಡಿದವರೇ ಕಡಿಮೆ, ಗಾಡಿಗಳಲ್ಲೂ ಕ್ಯೂಆರ್ ಕೋಡ್. ನಮ್ಮ ಕೈಲಿದ್ದ ನೋಟಿಗೆ ಚಿಲ್ಲರೆ ಇಲ್ಲ ಅನ್ನುವವರೇ ಜಾಸ್ತಿ, ಗೈಡೇ ಕೊಟ್ಟು ಆಮೇಲೆ ಲೆಕ್ಕ ಮಾಡುತ್ತಿದ್ದಳು. 2023ರಿಂದ ಅಲಿಪೇ, ವೀಚಾಟ್‌ಗೆ ಹೊರದೇಶದ ಕಾರ್ಡ್ ಜೋಡಿಸಬಹುದು. ಹೊರಡುವ ಮೊದಲೇ ಮನೆಯಲ್ಲಿ ಕೂತು ಜೋಡಿಸಿ ನೋಡಿಕೊಳ್ಳಿ.

ಟೂರ್ ಹಿಡಿಯುವ ಮುಂಚೆ ಮೂರು ಮಾತು ಕೇಳಿ: ಗುಂಪಿನಲ್ಲಿ ಎಷ್ಟು ಜನ, ಎಷ್ಟು ಕಡೆ ನಿಲ್ಲುತ್ತೀರಿ, ಯಾವ ಓಣಿ. ಉತ್ತರ ತೇಲಿಸಿದರೆ ಬಿಟ್ಟುಬಿಡಿ. ಇನ್ನೊಂದು ಊರಿನಲ್ಲಿ ನಮ್ಮ ಏಜೆಂಟ್ ಹಿಡಿದುಕೊಟ್ಟ ‘ಫುಡ್ ವಾಕ್’ ಅಂದರೆ ಬಸ್ಸಿನಿಂದ ಚಹಾಪುಡಿ ಅಂಗಡಿಗೆ ನೂರು ಹೆಜ್ಜೆ, ಅಲ್ಲಿಂದ ಬಫೆ ಹಾಲಿಗೆ ಐವತ್ತು ಹೆಜ್ಜೆ. ನಡೆದದ್ದಂತೂ ನಿಜ.

ಮಧ್ಯಾಹ್ನ ಊಟ ಬಿಡಿ. ಎಲ್ಲಿಯೂ ಒಂದು ತಟ್ಟೆಯನ್ನು ಒಬ್ಬರೇ ಮುಗಿಸಬೇಡಿ. ಐದು ಮಂದಿಗೆ ಎರಡು ಸಾಕು.

ಚೀನಾದವರು ಅನ್ನ ತಿನ್ನುವವರು ಅಂತ ಶಾಲೆಯಲ್ಲಿ ಓದಿದ್ದೆ. ನೀವು ರೊಟ್ಟಿ, ಗೋಧಿ ಅಂತ ಬರೆದಿದ್ದೀರಿ. ಯಾವುದು ಸರಿ?
— ಒಬ್ಬ ನೇಕಾರರು, ಬೆಟಗೇರಿ

ಎರಡೂ ಸರಿ. 31 ವರ್ಷ ಭೂಗೋಳ ಕಲಿಸಿದವಳನ್ನು ಇಂಥದ್ದು ಕೇಳಿದರೆ ಪುಟ ಸಾಲುವುದಿಲ್ಲ. ಚಿಕ್ಕದಾಗಿ ಹೇಳುತ್ತೇನೆ.

ಶಿಯಾನ್‌ನ ದಕ್ಷಿಣಕ್ಕೆ ಚಿನ್‌ಲಿಂಗ್ ಬೆಟ್ಟಸಾಲು. ಅದರಿಂದ ಪೂರ್ವಕ್ಕೆ ಹುವಾಯ್ ನದಿಯವರೆಗೆ ಒಂದು ಗೆರೆ ಎಳೆಯಿರಿ. ಮೇಲೆ ಒಣ ಸೀಮೆ, ಗೋಧಿ. ಕೆಳಗೆ ಮಳೆ ಸೀಮೆ, ಭತ್ತ. ನಾವು ಶಿಯಾನ್‌ನಿಂದ ಸಿಚುವಾನ್ ಪ್ರಾಂತ್ಯದ ಚೆಂಗ್ಡುಗೆ 2017ರಲ್ಲಿ ಶುರುವಾದ ವೇಗದ ರೈಲಿನಲ್ಲಿ ಹೋದೆವು, ನಾಲ್ಕು ತಾಸಿನ ದಾರಿ. ಹತ್ತುವಾಗ ಕಿಟಕಿಯಾಚೆ ಹಣ್ಣಾಗುತ್ತಿದ್ದ ಗೋಧಿ. ಆಮೇಲೆ ಸುರಂಗ, ಸುರಂಗ, ಸುರಂಗ. ಹೊರಗೆ ಬಂದಾಗ ನೀರು ನಿಂತ ಗದ್ದೆ. ಪಠ್ಯಪುಸ್ತಕದ ನಕ್ಷೆ ಕಣ್ಣೆದುರು ಹಾಯ್ದು ಹೋದ ಹಾಗಾಯಿತು. ಮಗಳು ಮಲಗಿದ್ದಳು, ಎಬ್ಬಿಸಿ ತೋರಿಸಿದೆ. ಬೈದಳು.

ಧಾರವಾಡದಲ್ಲೂ ಇಂಥದ್ದೇ ಗೆರೆ ಇದೆ, ನಾವು ನೋಡುವುದಿಲ್ಲ. ಪೂರ್ವಕ್ಕೆ ನವಲಗುಂದ, ನಿಮ್ಮ ಗದಗ: ಎರೆ ಮಣ್ಣು, ಬಿಳಿಜೋಳ. ಪಶ್ಚಿಮಕ್ಕೆ ಕಲಘಟಗಿ, ಅಳ್ನಾವರ: ಭತ್ತ. ಆದ್ದರಿಂದ ‘ಚೈನೀಸ್ ಊಟ’ ಅಂತ ಒಂದು ಇಲ್ಲ. ಟೂರ್ ಹಿಡಿದರೆ ಊರಿಗೊಂದು ಹಿಡಿಯಬೇಕು.

ನಾವು ಬ್ಯಾಡಗಿಯವರು. ಸಿಚುವಾನ್ ಖಾರ ಅಂದರೆ ಜಗತ್ತೇ ಹೆದರುತ್ತದೆ ಅಂತಾರೆ. ನಮ್ಮ ಖಾರದ ಮುಂದೆ ನಿಲ್ಲುತ್ತಾ?
— ಮೆಣಸಿನಕಾಯಿ ವ್ಯಾಪಾರಿಗಳು, ಬ್ಯಾಡಗಿ

ಯಜಮಾನರೆ, ನಿಮಗೇ ಗೊತ್ತು, ಬ್ಯಾಡಗಿ ಮೆಣಸಿನಕಾಯಿಯ ಹೆಸರು ಬಣ್ಣಕ್ಕೆ, ಖಾರಕ್ಕಲ್ಲ. 2011ರಲ್ಲಿ ಅದಕ್ಕೆ ಜಿಐ ಗುರುತು, ಅಂದರೆ ಆ ಸೀಮೆಯದೇ ಬೆಳೆ ಅನ್ನುವ ಸರ್ಕಾರಿ ಮುದ್ರೆ, ಸಿಕ್ಕಿತು. ಸಿಚುವಾನ್‌ನಲ್ಲೂ ಅಂಥದ್ದೇ ಒಂದಿದೆ, ಅರ್‌ಜಿಂಗ್‌ಟಿಯಾವ್ ಅಂತ. ಉದ್ದ, ಕೆಂಪು, ವಾಸನೆ ಜಾಸ್ತಿ, ಖಾರ ಅಷ್ಟಕ್ಕಷ್ಟೇ. ಮೆಣಸಿನಕಾಯಿ ಅವರದೂ ಅಲ್ಲ, ನಮ್ಮದೂ ಅಲ್ಲ. ಎರಡೂ ಕಡೆ ಅಮೆರಿಕ ಖಂಡದಿಂದ ಹಡಗಿನಲ್ಲಿ ಬಂದದ್ದು.

ಅಲ್ಲಿ ನಮ್ಮನ್ನು ಕೆಡವುವುದು ಮೆಣಸಿನಕಾಯಿ ಅಲ್ಲ, ಹುವಾಜಿಯಾವ್ ಅನ್ನುವ ಪುಟ್ಟ ಕಾಯಿ. ಚೆಂಗ್ಡುವಿನ ಗೈಡ್ ಒಂದು ಒಣ ಸಿಪ್ಪೆ ಕೊಟ್ಟು ನಾಲಿಗೆ ತುದಿಯಲ್ಲಿ ಇಟ್ಟುಕೊಳ್ಳಿ ಅಂದ. ಹತ್ತು ಎಣಿಸುವಷ್ಟರಲ್ಲಿ ತುಟಿ ಜುಮ್ಮೆಂದಿತು. ನಾಲಿಗೆಗೆ ಕರೆಂಟ್ ಹೊಡೆದಂತೆ. ಬಾಯಲ್ಲಿ ನೀರು. ಆ ವಾಸನೆ ನನಗೆ ಹೊಸದಲ್ಲ ಅನ್ನಿಸಿತು. ಶಿರಸಿ ಕಡೆಯ ನನ್ನ ಗೆಳತಿಯ ಮನೆಯ ಡಬ್ಬಿ ನೆನಪಾಯಿತು. ಅದರೊಳಗಿನ ಕಾಯಿಯನ್ನು ಅವರು ಜುಮ್ಮನಕಾಯಿ ಅನ್ನುತ್ತಾರೆ, ಕೊಂಕಣಿಯವರು ಮೀನಿನ ಸಾರಿಗೆ ಹಾಕುತ್ತಾರೆ. ಎರಡೂ ಗಿಡ ಒಂದೇ ಕುಲದವು. ಎರಡರಲ್ಲೂ ಒಳಗಿನ ಕರಿ ಬೀಜ ಎಸೆದು ಸಿಪ್ಪೆ ಮಾತ್ರ ಬಳಸುತ್ತಾರೆ. ನಮ್ಮವರು ಇಟ್ಟ ಹೆಸರು ನೋಡಿ, ಕಾಯಿ ಏನು ಮಾಡುತ್ತದೆ ಅಂತ ಹೆಸರಲ್ಲೇ ಹೇಳಿಬಿಟ್ಟಿದ್ದಾರೆ.

ನಾನು ಒಯ್ದಿದ್ದ ಬ್ಯಾಡಗಿ ಪುಡಿಯ ಪೊಟ್ಟಣವನ್ನು ಒಬ್ಬ ನೂಡಲ್ಸ್ ಗಾಡಿಯವನಿಗೆ ಕೊಟ್ಟೆ. ಮೂಸಿ ನೋಡಿದ. ಕಾಯ್ದ ಎಣ್ಣೆಗೆ ಒಂದು ಚಮಚ ಹಾಕಿದ. ಎಣ್ಣೆ ಕುಂಕುಮದ ನೀರಿನ ಹಾಗೆ ಕೆಂಪಾಯಿತು. ಗೈಡ್‌ಗೆ ಏನೋ ಹೇಳಿದ. ‘ಬಣ್ಣ ಇದೆ, ಖಾರ ಎಲ್ಲಿ?’ ಅಂದನಂತೆ.

ನನ್ನ ತಾಯಿ ಮೊಟ್ಟೆಯನ್ನೂ ಮುಟ್ಟುವುದಿಲ್ಲ. ಉಪವಾಸ ಬೀಳುತ್ತಾರಾ?
— ಒಬ್ಬ ಓದುಗರು, ಗದಗ

ಬೀಳುವುದಿಲ್ಲ. ಆದರೆ ‘ಮಾಂಸ ಬೇಡ’ ಅಂದರೆ ಸಾಲದು. ಚೀನೀ ಭಾಷೆಯಲ್ಲಿ ಮಾಂಸಕ್ಕೆ ‘ರೋ’ ಅನ್ನುತ್ತಾರೆ, ಬರೀ ರೋ ಅಂದರೆ ಹಂದಿ. ಸಾರಿನಲ್ಲಿ ಕುದಿಸಿದ ಮೂಳೆ, ಹುರಿಯಲು ಹಾಕಿದ ಕೊಬ್ಬು, ಇವು ಅವರ ಲೆಕ್ಕಕ್ಕೆ ಬಾರದೆ ಹೋಗಬಹುದು. ಚೆಂಗ್ಡುವಿನಲ್ಲಿ ನಾನೇ ಶೂರತನ ಮಾಡಿ, ಗೈಡ್ ಇಲ್ಲದೆ ದಾನ್‌ದಾನ್ ನೂಡಲ್ಸ್ ಹೇಳಿದೆ. ದಾನ್ ಅಂದರೆ ಹೆಗಲ ಮೇಲಿನ ಅಡ್ಡೆ. ಹಿಂದೆ ಅಡ್ಡೆಯಲ್ಲಿ ಹೊತ್ತು ಮಾರುತ್ತಿದ್ದರಂತೆ. ಕೈ ಆಡಿಸಿ ರೋ ಬೇಡ ಅಂದೆ. ಅಂಗಡಿಯಾಕೆ ತಲೆಯಾಡಿಸಿದರು. ಬಂದ ಬೋಗುಣಿ ಮೇಲೆ ಹಂದಿ ಖೀಮಾ. ನನ್ನ ಉಚ್ಚಾರ ಅವರಿಗೆ ಏನಾಗಿ ಕೇಳಿಸಿತೋ.

‘ನಾನು ಸಸ್ಯಾಹಾರಿ, ಮಾಂಸದ ಸಾರು, ಕೊಬ್ಬು, ಮೊಟ್ಟೆ, ಮೀನು ಬೇಡ’ ಅಂತ ಚೀನೀ ಲಿಪಿಯಲ್ಲಿ ಗೈಡ್ ಕೈಲಿ ಬರೆಸಿ ಇಟ್ಟುಕೊಳ್ಳಿ. ಶಿಯಾನ್‌ನಲ್ಲಿ ತಾಯಿಗೆ ಬೆಳಿಗ್ಗೆ ಜೆಂಗ್‌ಗಾವ್ ಕೊಡಿಸಿ. ಅಂಟಕ್ಕಿ, ಕೆಂಪು ಖರ್ಜೂರದಂಥ ಹಣ್ಣು, ಕಾಳು, ಮೂರನ್ನೂ ದೊಡ್ಡ ಹಂಡೆಯಲ್ಲಿ ಪದರ ಪದರವಾಗಿ ಬೇಯಿಸಿದ್ದು. ಸಂಜೆ ಪರ್ಸಿಮನ್ ಹಣ್ಣಿನ ಕರಿದ ಬಿಲ್ಲೆ, ಒಳಗೆ ಎಳ್ಳಿನ ಹೂರಣ ಇರುವುದನ್ನು ಕೇಳಿ. ಕರಿದ ಕಡಬು ತಿಂದ ಹಾಗೆಯೇ. ಚೆಂಗ್ಡುವಿನಲ್ಲಿ ವೆನ್‌ಶು ಮಠ ಇದೆ, ವೆನ್‌ಶು ಅಂದರೆ ಮಂಜುಶ್ರೀ. ಬೌದ್ಧ ಮಠದ ಊಟದಲ್ಲಿ ಈರುಳ್ಳಿ, ಬೆಳ್ಳುಳ್ಳಿಯೂ ಇರುವುದಿಲ್ಲ. ಖಡಕ್ ರೊಟ್ಟಿ, ಶೇಂಗಾ ಹಿಂಡಿ ಜೊತೆಗಿರಲಿ. ನಾನೂ ಒಯ್ದಿದ್ದೆ.

ಅಲ್ಲಿ ಚೇಳು, ಹುಳ ತಿಂತಾರಂತಲ್ಲ? ಮತ್ತೆ ಗೋಬಿ ಮಂಚೂರಿ ಅಲ್ಲಿ ಹೇಗಿರುತ್ತೆ?
— ಕಾಲೇಜು ವಿದ್ಯಾರ್ಥಿ, ವಿದ್ಯಾನಗರ, ಹುಬ್ಬಳ್ಳಿ

ಚೇಳಿನ ಫೋಟೋಗಳು ಹೆಚ್ಚಿನವು ಬೀಜಿಂಗ್‌ನ ಪ್ರವಾಸಿ ಬೀದಿಗಳವು. ಅದಕ್ಕೆ ಹೆಸರಾಗಿದ್ದ ಡೊಂಗ್‌ಹುವಾಮೆನ್ ರಾತ್ರಿ ಸಂತೆ 2016ರಲ್ಲೇ ಮುಚ್ಚಿತು. ಗೋಬಿ ಮಂಚೂರಿ ಅಲ್ಲಿ ಇರುವುದಿಲ್ಲ, ಮಂಚೂರಿಯಾದಲ್ಲೂ ಇಲ್ಲ. ಅದು ಮುಂಬೈಯಲ್ಲಿ 1970ರ ದಶಕದಲ್ಲಿ ಹುಟ್ಟಿದ ಚಿಕನ್ ಮಂಚೂರಿಯ ತಮ್ಮ. ನಿನಗೆ ತಿನ್ನಲೇಬೇಕಿದ್ದರೆ ಹುಬ್ಬಳ್ಳಿಯಲ್ಲೇ ತಿನ್ನಪ್ಪ, ಕೆಂಪು ಬಣ್ಣ ಮೆತ್ತಿದ್ದು ಬೇಡ. 2024ರ ಮಾರ್ಚ್‌ನಲ್ಲಿ ನಮ್ಮ ಸರ್ಕಾರ ಅದರಲ್ಲಿ ಕೃತಕ ಬಣ್ಣ ನಿಷೇಧಿಸಿದೆ.

ಚೀನಾಕ್ಕೆ ಹೋಗುವ ಯೋಗ ನಮಗಿಲ್ಲ ಅಕ್ಕೋರೆ. ಮನೆಯಲ್ಲೇ ಮಾಡುವಂಥದ್ದು ಒಂದು ಹೇಳಿ.
— ಗೃಹಿಣಿ, ಹಾವೇರಿ

ಲಿಯಾಂಗ್‌ಪಿ ಮಾಡಿ ತಾಯಿ. ಹೆಸರಿನ ಅರ್ಥ ‘ತಣ್ಣನೆ ತೊಗಲು’. ಅದನ್ನು ಮಕ್ಕಳಿಗೆ ಹೇಳಬೇಡಿ. ಶಿಯಾನ್‌ನ ಓಣಿಯಲ್ಲಿ ಇದನ್ನು ಮಾಡುವುದನ್ನು ನೋಡುತ್ತಾ ನಿಂತಾಗ ನನಗೆ ನಮ್ಮವ್ವ ಕುರಡಗಿಗೆ ಗೋಧಿ ಹಾಲು ತೆಗೆಯುತ್ತಿದ್ದದ್ದೇ ಕಣ್ಣಿಗೆ ಬಂತು. ಅದೇ ಹಾಲು.

ಅರ್ಧ ಕಿಲೋ ಮೈದಾ ಗಟ್ಟಿಯಾಗಿ ಕಲಸಿ, ಅರ್ಧ ತಾಸು ಮುಚ್ಚಿಡಿ. ಆಮೇಲೆ ಆ ಮುದ್ದೆಯನ್ನು ನೀರಿನಲ್ಲಿ ಬಟ್ಟೆ ಹಿಂಡಿದ ಹಾಗೆ ಹಿಂಡಿ. ನೀರು ಹಾಲಾಗುತ್ತದೆ. ಬೇರೆ ಪಾತ್ರೆಗೆ ಬಸಿದು, ಹೊಸ ನೀರು ಹಾಕಿ ಮತ್ತೆ ಹಿಂಡಿ. ನಾಲ್ಕೈದು ಸಲ ಆದ ಮೇಲೆ ಕೈಯಲ್ಲಿ ರಬ್ಬರಿನಂಥ ಉಂಡೆ ಉಳಿಯುತ್ತದೆ. ಎಸೆಯಬೇಡಿ. ಇಪ್ಪತ್ತು ನಿಮಿಷ ಹಬೆಯಲ್ಲಿ ಬೇಯಿಸಿ ತುಂಡು ಮಾಡಿ. ಸ್ಪಂಜಿನ ಹಾಗೆ ರಸ ಹೀರುತ್ತದೆ.

ಬಸಿದ ಹಾಲನ್ನು ರಾತ್ರಿಯಿಡೀ ಬಿಡಿ. ಬೇಸಿಗೆಯಾದರೆ ಫ್ರಿಜ್‌ನಲ್ಲಿ. ಬೆಳಿಗ್ಗೆ ಮೇಲಿನ ತಿಳಿ ಚೆಲ್ಲಿ, ಅಡಿಯ ಗಟ್ಟಿ ಹಾಲು ಕಲಕಿ. ಎಣ್ಣೆ ಸವರಿದ ಸಪಾಟು ತಟ್ಟೆಗೆ ಒಂದು ಸೌಟು, ತೆಳ್ಳಗೆ. ಕುದಿಯುವ ನೀರಿನ ಮೇಲೆ ತಟ್ಟೆ ತೇಲಿಬಿಟ್ಟು ಮುಚ್ಚಿ. ಮೂರು ನಿಮಿಷಕ್ಕೆ ಗುಳ್ಳೆ ಎದ್ದರೆ ಬೆಂದಿದೆ. ತಟ್ಟೆಯನ್ನು ತಣ್ಣೀರಿನ ಮೇಲೆ ಇಟ್ಟರೆ ಹಾಳೆ ತಾನೇ ಬಿಡುತ್ತದೆ. ಎಣ್ಣೆ ಸವರಿ ಒಂದರ ಮೇಲೊಂದು ಪೇರಿಸಿ, ಬೆರಳಗಲ ಕತ್ತರಿಸಿ.

ಮೇಲೆ ಸೌತೆಕಾಯಿ ಎಳೆಗಳು, ಜಜ್ಜಿದ ಬೆಳ್ಳುಳ್ಳಿ ನೆನೆದ ನೀರು, ಉಪ್ಪು, ಅರೆದ ಎಳ್ಳು, ವಿನೆಗರ್. ಬ್ಯಾಡಗಿ ಪುಡಿ ಮೇಲೆ ಕಾಯ್ದ ಎಣ್ಣೆ ಸುರಿದು ಅದನ್ನೂ ಹಾಕಿ. ವಿನೆಗರ್ ಬದಲು ಲಿಂಬೆಹಣ್ಣು ಹಿಂಡಬೇಡಿ. ನಾನು ಹಿಂಡಿ ನೋಡಿದ್ದೇನೆ, ರುಚಿ ಗಿರ್ಮಿಟ್ ಕಡೆಗೆ ಹೋಗುತ್ತದೆ. ಮನೆಯವರು ಅದೇ ಚೆನ್ನಾಗಿದೆ ಅಂತ ಎರಡು ಸಲ ಬಡಿಸಿಕೊಂಡರು, ಅದು ಬೇರೆ ಮಾತು.