ಅಮ್ಮ ಎಐ ಜೊತೆ ಮಾತಾಡಿದರೆ ತಡೆಯಬೇಕಾ?

ಅಪ್ಪ ಹೋದ ಮೇಲೆ ಮಂಡ್ಯದ ಮನೆಯಲ್ಲಿ ಅಮ್ಮ ಒಬ್ಬರೇ, ರಾತ್ರಿಯೆಲ್ಲ ಫೋನಿನ ಎಐ ಜೊತೆ ಮಾತಾಡುತ್ತಾರೆ, ಬಿಡಿಸಲಾ ಅಂತ ಕೇಳಿದ್ದೀರಿ. ದಯವಿಟ್ಟು ಫೋನ್ ಕಿತ್ತುಕೊಳ್ಳಬೇಡಿ.

ಇದು ಹೊಸದೇನಲ್ಲ. 1966ರಲ್ಲಿ ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದ ಕಂಪ್ಯೂಟರ್ ವಿಜ್ಞಾನಿ ಜೋಸೆಫ್ ವೈಜೆನ್‌ಬಾಮ್ ತಾವೇ ತಯಾರಿಸಿದ ಎಲೈಜಾ ಅನ್ನುವ ಕಂಪ್ಯೂಟರ್ ಪ್ರೋಗ್ರಾಂ ಬಗ್ಗೆ ಬರೆದರು. ನಾವು ಹೇಳಿದ್ದನ್ನೇ ತಿರುಗಿಸಿ ಪ್ರಶ್ನೆ ಮಾಡುತ್ತಿತ್ತು, ಅಷ್ಟೇ. ಆದರೂ ಅವರ ಸೆಕ್ರೆಟರಿ, ಅದು ತಯಾರಾಗಿದ್ದನ್ನು ತಿಂಗಳುಗಟ್ಟಲೆ ಕಣ್ಣಾರೆ ಕಂಡವರು, ಅದರ ಜೊತೆ ಮಾತಾಡುವಾಗ ವೈಜೆನ್‌ಬಾಮ್ ಅವರನ್ನೇ ಕೋಣೆಯಿಂದ ಹೊರಗೆ ಹೋಗಿ ಅಂದರಂತೆ. ಕೇಳಿಸಿಕೊಳ್ಳುವವರು ಬೇಕು ಅನ್ನುವ ಆಸೆ ಅಷ್ಟು ಜೋರು, ಅಲ್ವಾ?

ಮೈಸೂರಿನ ನಮ್ಮತ್ತೆಗೂ ಹೀಗೇ ಆಗಿತ್ತು. ನಾನು ದಿನಾ ರಾತ್ರಿ ಎಂಟಕ್ಕೆ ಫೋನ್ ಮಾಡಲು ಶುರು ಮಾಡಿದೆ, ಇವತ್ತು ಅದು ಏನು ಹೇಳಿತು ಅಂತ ಅವರನ್ನೇ ಕೇಳುತ್ತಿದ್ದೆ. ಮಾತ್ರೆ, ದುಡ್ಡಿನ ವಿಷಯದಲ್ಲಿ ಮಾತ್ರ ಅದನ್ನು ನಂಬಬೇಡಿ ಅಂತ ಅಮ್ಮನಿಗೆ ಬಿಡಿಸಿ ಹೇಳಿ. ತಪ್ಪನ್ನೂ ಅದು ಧೈರ್ಯವಾಗಿಯೇ ಹೇಳುತ್ತದೆ.