ನನ್ನ ತಮ್ಮ ಏರಿಯಾ ರೌಡಿ ಹುಡುಗರ ಜೊತೆ ಓಡಾಡುತ್ತಿದ್ದಾನೆ, ಹೇಗೆ ಬಿಡಿಸೋದು?

ನಿಮ್ಮ ತಮ್ಮನಿಗೆ 16 ವರ್ಷ, ಸಂಜೆಯಾದರೆ ‘ಅಣ್ಣ’ ಒಬ್ಬನ ಹುಡುಗರ ಜೊತೆ ನಿಂತಿರುತ್ತಾನೆ, ಬೈದರೂ ಹೊಡೆದರೂ ಕೇಳುತ್ತಿಲ್ಲ ಅಂತ ಬರೆದಿದ್ದೀರಿ. ಅದೇ ವಯಸ್ಸಿನಲ್ಲಿ ನಾನೂ ಹಾಗೇ ನಿಂತಿದ್ದೆ. ಬೆಂಗಳೂರಿನ ಮಾಗಡಿ ರಸ್ತೆ ಕಡೆ, ಒಂದು ಬೇಕರಿ ಮುಂದೆ.

ಮೊದಲು ಒಂದು ವಿಷಯ. ಯಾರೂ ಮಚ್ಚು ಹಿಡಿಯೋ ಆಸೆಯಿಂದ ಹೋಗಲ್ಲ. ನಾನು ಎಸ್ಸೆಸ್ಸೆಲ್ಸಿ ಗಣಿತದಲ್ಲಿ ಫೇಲ್ ಆಗಿದ್ದೆ. ಮನೆಯಲ್ಲಿ ಎಲ್ಲರಿಗೂ ನಾನು ದಂಡಪಿಂಡ. ಬೇಕರಿ ಹತ್ತಿರ ಮಾತ್ರ ಒಬ್ಬ ಅಣ್ಣ ಹೆಸರು ಹಿಡಿದು ಕರೀತಿದ್ದ. ಪಫ್ಸು, ಟೀ ಅವನ ಲೆಕ್ಕ. ಒಂದಿನ ಬೈಕ್ ಕೊಟ್ಟ. ಇನ್ನೊಂದಿನ ನನ್ನನ್ನು ಗುರಾಯಿಸಿದವನನ್ನು ಕರೆಸಿ ಬೈದು ಕಳಿಸಿದ. ಹವಾ ಅಂದ್ರೆ ಇದೇ ಅನ್ನಿಸಿತ್ತು. ಮೂರು ತಿಂಗಳಾದ ಮೇಲೆ ಒಂದು ಬ್ಯಾಗ್ ಕೊಟ್ಟು, ‘ಎರಡು ದಿನ ಇಟ್ಕೊಂಡಿರು’ ಅಂದ. ಅಷ್ಟು ತಿಂದ ಮೇಲೆ ಆಗಲ್ಲ ಅನ್ನೋಕೆ ಬಾಯಿ ಬರುತ್ತಾ? ಮಂಚದ ಕೆಳಗಿಟ್ಟೆ. ಗುಡಿಸುವಾಗ ಅಮ್ಮನ ಕೈಗೆ ಸಿಕ್ಕಿತು. ನ್ಯೂಸ್‌ಪೇಪರ್ ಸುತ್ತಿದ ಎರಡು ಲಾಂಗು.

ಅಮ್ಮ ಸೋದರಮಾವನಿಗೆ ಫೋನ್ ಮಾಡಿದರು. ಮಾವ ಹೊಡೆಯಲಿಲ್ಲ. ಬ್ಯಾಗನ್ನೂ ನನ್ನನ್ನೂ ಸ್ಕೂಟರಿನಲ್ಲಿ ಕೂರಿಸಿಕೊಂಡು ಬೇಕರಿಗೆ ಹೋದರು. ಬ್ಯಾಗ್ ಅಣ್ಣನ ಕಾಲ ಹತ್ತಿರ ಇಟ್ಟು, ‘ನಮ್ಮ ಹುಡುಗನ ಲೆಕ್ಕ ಎಷ್ಟಾಗಿದೆ ಹೇಳಪ್ಪ’ ಅಂದರು. ಅವನು ನಕ್ಕು ‘ಬಿಡಿ ಸಾರ್’ ಅಂದ. ಮಾವ ಬಿಡಲಿಲ್ಲ. ಐನೂರರ ಎರಡು ನೋಟು ಗಲ್ಲಾ ಮೇಲಿಟ್ಟು ಬಂದರು. (ನೀವು ಮಾತ್ರ ಹೀಗೆ ಮಾಡೋಕೆ ಹೋಗಬೇಡಿ. ಅಂಥದ್ದೇನಾದರೂ ಮನೆಯಲ್ಲಿ ಸಿಕ್ಕರೆ ಮೊದಲು ವಕೀಲರ ಹತ್ತಿರ ಹೋಗಿ.) ಮರುದಿನವೇ ತುಮಕೂರಿನಲ್ಲಿದ್ದ ಅವರ ಗ್ಯಾರೇಜಿಗೆ ಕರೆದುಕೊಂಡು ಹೋದರು. ಎರಡು ತಿಂಗಳು ಸ್ಪ್ಯಾನರ್ ಹಿಡಿದೆ, ಸಂಜೆ ಗಣಿತ.

ಹಾಗಾಗಿ ತಮ್ಮನನ್ನು ‘ಯಾಕೆ ಹೋಗ್ತೀಯ’ ಅಂತ ಕೇಳಬೇಡಿ, ಅವನಿಗೂ ಗೊತ್ತಿರಲ್ಲ. ‘ಯಾರ ಹತ್ತಿರ ಏನು ಇಸ್ಕೊಂಡಿದ್ದೀಯ’ ಅಂತ ಕೇಳಿ. ದುಡ್ಡಾದರೆ ತೀರಿಸಿ. ಸಂಜೆ ಆರರಿಂದ ಒಂಬತ್ತು ಅವನು ಎಲ್ಲಿರಬೇಕು ಅನ್ನೋದಕ್ಕೆ ಒಂದು ಜಾಗ ಹುಡುಕಿ: ಕಬಡ್ಡಿ, ಐಟಿಐ ಸೇರೋ ತಯಾರಿ, ಅಂಗಡಿ ಕೆಲಸ, ಏನಾದರೂ. ಸುಮ್ನೆ ಮನೆಯಲ್ಲಿ ಕೂಡಿ ಹಾಕಿದರೆ ಕಿಟಕಿ ಹಾರುತ್ತಾನೆ.

‘ಮೈನರ್ ಅಲ್ವಾ, ಏನೂ ಆಗಲ್ಲ’ ಅಂತ ಅವನ ತಲೆಗೆ ಖಂಡಿತ ತುಂಬಿರುತ್ತಾರೆ. ಚಿಕ್ಕ ಹುಡುಗರನ್ನು ಮುಂದೆ ಬಿಡೋದೇ ಅದಕ್ಕೆ. ಅದು ಪೂರ್ತಿ ನಿಜವಲ್ಲ. 2015ರ ಬಾಲನ್ಯಾಯ ಕಾಯ್ದೆ ಪ್ರಕಾರ, 16 ತುಂಬಿದವನ ಮೇಲೆ ಕೊಲೆಯಂಥ ಘೋರ ಅಪರಾಧದ ಕೇಸ್ ಬಂದರೆ, ಬಾಲನ್ಯಾಯ ಮಂಡಳಿ ಪರಿಶೀಲಿಸಿ ದೊಡ್ಡವರ ಹಾಗೆಯೇ ವಿಚಾರಣೆಗೆ ಕಳಿಸಬಹುದು. ಇನ್ನೊಂದು ಕಡೆ, ಮಕ್ಕಳನ್ನು ಇಂಥ ಕೆಲಸಕ್ಕೆ ಬಳಸಿಕೊಳ್ಳುವ ದೊಡ್ಡವರಿಗೆ ಅದೇ ಕಾಯ್ದೆಯ 83ನೇ ಸೆಕ್ಷನ್ನಿನಲ್ಲಿ 7 ವರ್ಷದವರೆಗೆ ಜೈಲು, 5 ಲಕ್ಷ ದಂಡ ಇದೆ. ಅಣ್ಣ ಇದನ್ನು ಹೇಳಿರಲ್ಲ. ಬೆದರಿಕೆ ಬಂದರೆ 1098ಕ್ಕೆ ಫೋನ್ ಮಾಡಿ, ಅದು ಮಕ್ಕಳ ಸಹಾಯವಾಣಿ.

ಕೊನೆಗೆ, ಅವನಿಗೆ ಒಂದು ನೆಪ ಕೊಡಿ. ‘ನಾನು ಬರಲ್ಲ’ ಅಂದರೆ ಗೆಳೆಯರ ಮುಂದೆ ಮರ್ಯಾದೆ ಹೋಗುತ್ತೆ. ‘ಅಕ್ಕ ಬಿಡ್ತಿಲ್ಲ ಮಗಾ, ರಾಕ್ಷಸಿ ಅವಳು’ ಅನ್ನೋದು ಸುಲಭ. ಅನ್ನಲಿ ಬಿಡಿ. ನನ್ನ ಮಾವನಿಗೆ ಆ ಬೇಕರಿ ಹುಡುಗರು ಹಿಟ್ಲರ್ ಅಂತ ಹೆಸರಿಟ್ಟಿದ್ದರು. ಆ ಹೆಸರು ಮೊದಲು ಹೇಳಿಕೊಟ್ಟಿದ್ದು ನಾನೇ.